ಟ್ಯಾನಿ ಗ್ರೇ-ಥಾಂಪ್ಸನ್: ಓಟ ಮತ್ತು ಮೆಟ್ಟಿಲು

ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿಗ. ಆದುದರಿಂದ ‘ಮೆಟ್ಟಿಲು ಹತ್ತುವುದು’ ಎಂಬ ಮಾತು ನನಗೆ ಅಭಿಮಾನದ ಮಾತಾಗಿತ್ತು. ವೇಲ್ಸ್ ದೇಶದ ಓಟಗಾರ್ತಿಯೊಬ್ಬಳ ಜೀವನವನ್ನು ಓದಿದ ಮೇಲೆ ಆ ಮಾತಿನ ಇನ್ನೊಂದು ಅರ್ಥ ಹೊಳೆಯಿತು. ಅದನ್ನು ವಾಚಕ ಮಿತ್ರರ ಮುಂದಿಡುವುದೇ ಈ ಕಿರುಲೇಖನದ ಉದ್ದೇಶ.

ಟ್ಯಾನಿ ಗ್ರೇ ಹುಟ್ಟಿದ್ದು 1969ರಲ್ಲಿ, ಕಾರ್ಡಿಫ್ ನಗರದಲ್ಲಿ. ಇಟ್ಟ ಹೆಸರು ಕ್ಯಾರಿಸ್. ‘ಟೈನಿ’, ಅಂದರೆ ಪುಟಾಣಿ, ಎಂದು ಅಕ್ಕ ಕರೆದದ್ದೇ ‘ಟ್ಯಾನಿ’ ಆಗಿ ನಿಂತಿತು. ಗರ್ಭದಲ್ಲಿಯೇ ಬೆನ್ನೆಲುಬು ಪೂರ್ತಿಯಾಗಿ ಕೂಡಿಕೊಳ್ಳದ ಸ್ಪೈನಾ ಬೈಫಿಡಾ ಎಂಬ ದೋಷದಿಂದ, ಸುಮಾರು ಏಳನೆಯ ವಯಸ್ಸಿಗೆ ಆಕೆ ಗಾಲಿಕುರ್ಚಿಯನ್ನು ಆಶ್ರಯಿಸಬೇಕಾಯಿತು. ಆದರೂ ಮಗಳು ಎಲ್ಲ ಮಕ್ಕಳೊಡನೆ ಸಾಮಾನ್ಯ ಶಾಲೆಯಲ್ಲಿಯೇ ಕಲಿಯಬೇಕೆಂದು ತಂದೆತಾಯಿಗಳು ಹಟ ಹಿಡಿದು ಹೋರಾಡಿದರು. ಮುಂದೆ ಆಕೆ ಲಫ್‌ಬರೋ ವಿಶ್ವವಿದ್ಯಾನಿಲಯದಲ್ಲಿ ರಾಜ್ಯಶಾಸ್ತ್ರವನ್ನು ಓದಿ ಪದವೀಧರೆಯಾದಳು.

ಗಾಲಿಕುರ್ಚಿಯ ಓಟವೆಂದರೆ ಕೂತು ಸಾಗುವ ಸುಲಭದ ಆಟವೆಂದು ಯಾರೂ ತಿಳಿಯಬಾರದು. ಮೂರು ಗಾಲಿಗಳ ನೀಳವಾದ ಬಂಡಿಯಲ್ಲಿ ಮುಂದಕ್ಕೆ ಬಾಗಿ ಕುಳಿತು, ಕೈಗವಸು ತೊಟ್ಟ ಕೈಗಳಿಂದ ಗಾಲಿಯ ಬಳೆಯನ್ನು ಹೊಡೆದು ಹೊಡೆದು ವೇಗ ಪಡೆಯಬೇಕು. ಭುಜ, ತೋಳು, ಉಸಿರು ಇವಿಷ್ಟೇ ಬಂಡವಾಳ.

1988ರ ಸೋಲ್ ಪ್ಯಾರಾಲಿಂಪಿಕ್ಸ್‌ನಲ್ಲಿ 400 ಮೀಟರಿಗೆ ಆಕೆಗೆ ದೊರೆತದ್ದು ಕಂಚು. 1992ರಲ್ಲಿ ಬಾರ್ಸಿಲೋನಾದಲ್ಲಿ 100, 200, 400, 800 ಮೀಟರುಗಳ ನಾಲ್ಕೂ ಚಿನ್ನಗಳು ಆಕೆಯವಾದವು. 400 ಮೀಟರನ್ನು ಒಂದು ನಿಮಿಷದೊಳಗೆ ಮುಗಿಸಿದ ಮೊದಲ ಮಹಿಳೆ ಎನಿಸಿದಳು. 1996ರಲ್ಲಿ ಅಟ್ಲಾಂಟಾದಲ್ಲಿ ಒಂದೇ ಚಿನ್ನ. ಆದರೆ 2000ದಲ್ಲಿ ಸಿಡ್ನಿಯಲ್ಲಿ ಮತ್ತೆ ಆ ನಾಲ್ಕೂ! 2004ರಲ್ಲಿ ಅಥೆನ್ಸ್‌ನಲ್ಲಿ 800 ಮೀಟರನ್ನು ಸೋತರೂ ಎದೆಗುಂದದೆ ಇನ್ನೆರಡು ಚಿನ್ನ ಗೆದ್ದಳು. ಒಟ್ಟು 16 ಪದಕ, ಅವುಗಳಲ್ಲಿ 11 ಚಿನ್ನ. ಲಂಡನ್ ಮ್ಯಾರಥಾನಿನಲ್ಲಿ ಆರು ಸಲ ಜಯ. 2007ರಲ್ಲಿ ನಿವೃತ್ತಿ, 2010ರಿಂದ ಬ್ರಿಟನ್ನಿನ ಲಾರ್ಡ್ಸ್ ಸಭೆಯ ಸದಸ್ಯತ್ವ.

ಆದರೆ ನನ್ನ ಮನಸ್ಸನ್ನು ಕಲಕಿದ್ದು ಈ ಪದಕಗಳ ಪಟ್ಟಿಯಲ್ಲ. ಸಿಡ್ನಿಯ ವಿಜಯದ ವರ್ಷವೇ ಬಿಬಿಸಿಯ ವಾರ್ಷಿಕ ಕ್ರೀಡಾ ಸನ್ಮಾನದಲ್ಲಿ ಆಕೆಗೆ ಮೂರನೆಯ ಸ್ಥಾನ ದೊರೆಯಿತು. ವೇದಿಕೆಗೆ ಮೆಟ್ಟಿಲುಗಳಿದ್ದವು, ಗಾಲಿಕುರ್ಚಿ ಏರುವ ಇಳಿಜಾರು ಇರಲಿಲ್ಲ! ಆಕೆ ಕೆಳಗೇ ಉಳಿಯಬೇಕಾಯಿತು. 2024ರ ಆಗಸ್ಟ್‌ನಲ್ಲಿ ಲಂಡನ್ನಿನ ಕಿಂಗ್ಸ್ ಕ್ರಾಸ್ ನಿಲ್ದಾಣದಲ್ಲಿ ನೆರವಿಗೆ ಯಾರೂ ಬಾರದೆ, ರೈಲಿನಿಂದ ತೆವಳಿಕೊಂಡು ಇಳಿಯಬೇಕಾಯಿತು. ಜಗತ್ತನ್ನೇ ಹಿಂದಿಕ್ಕಿದವಳನ್ನು ತಡೆದದ್ದು ಆಕೆಯ ಕಾಲಲ್ಲ, ಯಾರೋ ಯೋಚಿಸದೆ ಕಟ್ಟಿದ ಮೆಟ್ಟಿಲು.

ನನ್ನೂರಿನಲ್ಲಿ ನಡೆಯಲಾರದ ಸಹಪಾಠಿಯೊಬ್ಬಳಿದ್ದಳು. ಲೆಕ್ಕದಲ್ಲಿ ನನಗಿಂತ ಮುಂದು. ಪ್ರೌಢಶಾಲೆ ದೂರ, ಬಸ್ಸಿನ ಮೆಟ್ಟಿಲು ಎತ್ತರ. ಏಳನೆಯ ತರಗತಿಗೇ ಅವಳ ಓದು ನಿಂತಿತು. ‘ಪಾಪ, ಅವಳ ಹಣೆಬರಹ’ ಎಂದು ಊರಿನವರೊಡನೆ ನಾನೂ ಅಂದಿದ್ದೆ. ಅದು ಹಣೆಬರಹವಲ್ಲವೆಂದು ಈಗ ತಿಳಿಯುತ್ತದೆ. ಅವಳು ಈ ಕಾಲೇಜಿಗೆ ಬಂದಿದ್ದರೆ ಯಾವ ಬಾಗಿಲಿನಿಂದ ಒಳಗೆ ಬರುತ್ತಿದ್ದಳು? ಪದವಿ ಪಡೆದು ಹೊರಡುವ ಮುನ್ನ, ಗುರುಗಳಲ್ಲಿಯೂ ಮಿತ್ರರಲ್ಲಿಯೂ ಈ ಒಂದು ಪ್ರಶ್ನೆಯನ್ನು ಇಟ್ಟು ವಿರಮಿಸುತ್ತೇನೆ.