ಸೆಫ್ಟ್ರಯಾಕ್ಸೋನ್ ಚುಚ್ಚುಮದ್ದು: ಉಪಯೋಗ, ದುರುಪಯೋಗ ಮತ್ತು ದಂಪತಿಗಳ ಕರ್ತವ್ಯ



ಮನೆಯಲ್ಲಿ ಯಾರಿಗಾದರೂ ಜ್ವರ ಬಂದಾಗ “ಒಂದು ಇಂಜೆಕ್ಷನ್ ಹಾಕಿಬಿಡಿ, ನಾಳೆ ಕೆಲಸಕ್ಕೆ ಹೋಗಬೇಕು” ಎಂದು ಕೇಳುವ ವಾಡಿಕೆ ನಮ್ಮ ಗ್ರಾಮಗಳಲ್ಲಿ ಬಹಳವಾಗಿದೆ. ದೊಡ್ಡಬಳ್ಳಾಪುರದ ನೇಕಾರರ ಮನೆಯಲ್ಲಿ ಒಂದು ದಿನ ಮಗ್ಗ ನಿಂತರೆ ಆ ದಿನದ ಕೂಲಿಯೂ ನಿಲ್ಲುತ್ತದೆ; ರಾಗಿ ಕೊಯ್ಲಿನ ಕಾಲದಲ್ಲಿ ರೈತನಿಗೆ ಮಲಗಲು ಬಿಡುವಿಲ್ಲ. ಆದುದರಿಂದ ಈ ಆತುರ ಸಹಜವಾದುದೇ. ಆದರೆ ಹೀಗೆ ಕೇಳಿ ಹಾಕಿಸಿಕೊಳ್ಳುವ ಚುಚ್ಚುಮದ್ದುಗಳಲ್ಲಿ ಸೆಫ್ಟ್ರಯಾಕ್ಸೋನ್ ಎಂಬ ಅಮೂಲ್ಯ ಔಷಧವೂ ಸೇರಿರುತ್ತದೆ. ಪ್ರಾಣಾಪಾಯದ ವೇಳೆಗೆಂದು ಕಾದಿರಿಸಬೇಕಾದ ಈ ಮದ್ದನ್ನು ನೆಗಡಿ ಜ್ವರಕ್ಕೆ ವ್ಯಯಮಾಡಿದರೆ, ಮುಂದೆ ನಮ್ಮ ಬಾಣಂತಿಗೂ ಹಸುಗೂಸಿಗೂ ಅದು ಕೆಲಸಕ್ಕೆ ಬಾರದೆ ಹೋಗುವ ಸಂಭವವುಂಟು. ಅದು ಹೇಗೆಂಬುದನ್ನು ಈ ಪಾಠದಲ್ಲಿ ವಿವರಿಸಲಾಗಿದೆ.

1. ಸೆಫ್ಟ್ರಯಾಕ್ಸೋನ್ ಎಂದರೇನು?

ಬ್ಯಾಕ್ಟೀರಿಯ ಎಂಬ ರೋಗಾಣುಗಳನ್ನು ಕೊಲ್ಲುವ ಅಥವಾ ಬೆಳೆಯದಂತೆ ತಡೆಯುವ ಔಷಧಗಳಿಗೆ ಪ್ರತಿಜೈವಿಕಗಳು, ಅಂದರೆ ಆಂಟಿಬಯಾಟಿಕ್‌ಗಳು ಎಂದು ಹೆಸರು. ಸೆಫಲೋಸ್ಪೋರಿನ್ ಎಂಬುದು ಅವುಗಳಲ್ಲಿ ಒಂದು ವಂಶ. 1945ರಲ್ಲಿ ಇಟಲಿಯ ಸಾರ್ಡೀನಿಯ ದ್ವೀಪದಲ್ಲಿ ಜುಸೆಪ್ಪೆ ಬ್ರೋಟ್ಜು ಎಂಬ ಪ್ರಾಧ್ಯಾಪಕರು, ಚರಂಡಿಯ ನೀರು ಸಮುದ್ರವನ್ನು ಸೇರುವ ಸ್ಥಳದಲ್ಲಿ ಒಂದು ಬಗೆಯ ಬೂಷ್ಟನ್ನು ಕಂಡುಹಿಡಿದರು. ಅದರಿಂದ ಒಸರುವ ವಸ್ತು ವಿಷಮಶೀತ ಜ್ವರದ, ಅಂದರೆ ಟೈಫಾಯ್ಡಿನ ರೋಗಾಣುಗಳನ್ನು ತಡೆಯುತ್ತಿತ್ತು. ಅನಂತರ ಇಂಗ್ಲೆಂಡಿನ ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದ ವಿಜ್ಞಾನಿಗಳು ಅದರ ಔಷಧಾಂಶವನ್ನು ಬೇರ್ಪಡಿಸಿದರು. ಈ ವಂಶದ ಮೂರನೆಯ ಪೀಳಿಗೆಗೆ ಸೇರಿದ ಸೆಫ್ಟ್ರಯಾಕ್ಸೋನ್ 1980ರ ದಶಕದ ಆರಂಭದಲ್ಲಿ ಬಳಕೆಗೆ ಬಂದಿತು.

ಇದು ಗುಳಿಗೆಯ ರೂಪದಲ್ಲಿ ದೊರೆಯುವುದಿಲ್ಲ. ಸಣ್ಣ ಸೀಸೆಯಲ್ಲಿರುವ ಪುಡಿಯನ್ನು ಕರಗಿಸಿ ಮಾಂಸಖಂಡಕ್ಕಾಗಲಿ ರಕ್ತನಾಳಕ್ಕಾಗಲಿ ಚುಚ್ಚಿ ಕೊಡಲಾಗುತ್ತದೆ. ಶರೀರದಲ್ಲಿ ಬಹುಹೊತ್ತು ಉಳಿಯುವುದರಿಂದ ಅನೇಕ ರೋಗಗಳಿಗೆ ದಿನಕ್ಕೊಮ್ಮೆ ಕೊಟ್ಟರೆ ಸಾಕಾಗುತ್ತದೆ. ಈ ಅನುಕೂಲವೇ ಅದರ ಅತಿಬಳಕೆಗೂ ಕಾರಣವಾಗಿದೆ.

2. ಯಾವ ರೋಗಗಳಿಗೆ ಉಪಯುಕ್ತ?

(ಅ) ಆಸ್ಪತ್ರೆಗೆ ಸೇರಿಸಬೇಕಾದಂಥ ತೀವ್ರ ನ್ಯುಮೋನಿಯ.
(ಆ) ಬ್ಯಾಕ್ಟೀರಿಯದಿಂದ ಮಿದುಳಿನ ಪೊರೆಗೆ ತಗಲುವ ಸೋಂಕು.
(ಇ) ವಿಷಮಶೀತ ಜ್ವರ.
(ಈ) ಹೆರಿಗೆಯ ಅನಂತರ ಗರ್ಭಕೋಶಕ್ಕೂ ರಕ್ತಕ್ಕೂ ತಗಲುವ ನಂಜು.
(ಉ) ಮೂತ್ರಪಿಂಡದ ತೀವ್ರ ಸೋಂಕು.
(ಊ) ಗೊನೋರಿಯ ಎಂಬ ಲೈಂಗಿಕ ರೋಗ.

ಹಸುಗೂಸುಗಳ ವಿಷಯದಲ್ಲಿ ವಿಶೇಷ ಎಚ್ಚರಿಕೆ ಅಗತ್ಯ. ಕಾಮಾಲೆಯಿರುವ ನವಜಾತ ಶಿಶುವಿಗೆ ಈ ಮದ್ದನ್ನು ಕೊಡಕೂಡದು. ಕ್ಯಾಲ್ಸಿಯಂ ಇರುವ ದ್ರಾವಣವನ್ನು ರಕ್ತನಾಳದ ಮೂಲಕ ಪಡೆಯುತ್ತಿರುವ ಶಿಶುವಿಗೂ ಕೊಡಕೂಡದು. ಪೆನ್ಸಿಲಿನ್ ಅಥವಾ ಬೇರೆ ಯಾವುದೇ ಔಷಧದಿಂದ ಹಿಂದೆ ಮೈಮೇಲೆ ದದ್ದು, ಉಸಿರುಕಟ್ಟುವಿಕೆ ಉಂಟಾಗಿದ್ದರೆ ಅದನ್ನು ವೈದ್ಯರಿಗೆ ಮೊದಲೇ ತಿಳಿಸಬೇಕು.

3. ಯಾವುದಕ್ಕೆ ನಿರುಪಯುಕ್ತ?

ನೆಗಡಿ, ಸಾಮಾನ್ಯ ಕೆಮ್ಮು, ಫ್ಲೂ ಜ್ವರ, ಡೆಂಗೀ, ಚಿಕುನ್‌ಗುನ್ಯ ಇವೆಲ್ಲ ವೈರಸ್‌ಗಳಿಂದ ಬರತಕ್ಕವು. ಬ್ಯಾಕ್ಟೀರಿಯದ ಹೊರಗೋಡೆ ಕಟ್ಟಿಕೊಳ್ಳದಂತೆ ತಡೆಯುವುದೇ ಸೆಫ್ಟ್ರಯಾಕ್ಸೋನಿನ ಕೆಲಸ. ವೈರಸ್ಸಿಗೆ ಅಂಥ ಗೋಡೆಯೇ ಇಲ್ಲವಾದುದರಿಂದ ಈ ಮದ್ದು ಅದರ ಮೇಲೆ ಏನೂ ಮಾಡಲಾರದು. ಇಂಜೆಕ್ಷನ್ ಹಾಕಿಸಿದ ಮರುದಿನ ಜ್ವರ ಇಳಿದರೆ ಅದು ಜೊತೆಗೆ ಕೊಟ್ಟ ಪ್ಯಾರಾಸಿಟಮಾಲ್ ಗುಳಿಗೆಯಿಂದಲೋ, ರೋಗ ತಾನಾಗಿ ವಾಸಿಯಾಗುತ್ತಿದ್ದುದರಿಂದಲೋ ಆಗಿರುತ್ತದೆ. ಕೀರ್ತಿ ಮಾತ್ರ ಸೂಜಿಗೆ ಸಲ್ಲುತ್ತದೆ.

4. ರೋಗಾಣುಗಳು ಮದ್ದಿಗೆ ಬಗ್ಗದಂತಾಗುವುದು ಹೇಗೆ?

“ನಮ್ಮ ಮೈಗೆ ಮದ್ದು ಒಗ್ಗಿಹೋಗಿದೆ” ಎಂದು ಹಲವರು ಹೇಳುವುದುಂಟು. ಇದು ತಪ್ಪು ತಿಳಿವಳಿಕೆ. ಒಗ್ಗಿಕೊಳ್ಳುವುದು ನಮ್ಮ ಮೈ ಅಲ್ಲ, ರೋಗಾಣು.

ದೊಡ್ಡಬಳ್ಳಾಪುರ, ದೇವನಹಳ್ಳಿಗಳ ದ್ರಾಕ್ಷಿ ಬೆಳೆಗಾರರಿಗೆ ಇದನ್ನು ಹೆಚ್ಚಾಗಿ ವಿವರಿಸಬೇಕಾಗಿಲ್ಲ. ಒಂದೇ ಔಷಧವನ್ನು ವರ್ಷಗಟ್ಟಲೆ ಸಿಂಪಡಿಸಿದರೆ ದುರ್ಬಲವಾದ ಕೀಟಗಳು ಸತ್ತು, ಅದನ್ನು ತಾಳಿಕೊಂಡವು ಉಳಿದು, ಅವುಗಳ ಸಂತತಿಯೇ ತೋಟವನ್ನು ತುಂಬುತ್ತದೆ. ಶರೀರದೊಳಗೂ ಹೀಗೆಯೇ. ನಮ್ಮ ಕರುಳಿನಲ್ಲಿ ಕೋಟ್ಯಂತರ ಬ್ಯಾಕ್ಟೀರಿಯಗಳು ಯಾವ ತೊಂದರೆಯನ್ನೂ ಕೊಡದೆ ವಾಸಿಸುತ್ತವೆ. ಚುಚ್ಚುಮದ್ದಿನ ಒಂದು ಭಾಗ ಪಿತ್ತರಸದ ಮೂಲಕ ಕರುಳನ್ನು ಸೇರಿ, ಅಲ್ಲಿರುವ ದುರ್ಬಲವಾದವನ್ನು ಕೊಲ್ಲುತ್ತದೆ. ಮದ್ದನ್ನೇ ಕತ್ತರಿಸಿ ಹಾಕುವ ಕಿಣ್ವವನ್ನು ತಯಾರಿಸಬಲ್ಲವು ಮಾತ್ರ ಉಳಿದು ಬೆಳೆಯುತ್ತವೆ. ಇಂಥ ಕಿಣ್ವಗಳು ಜರ್ಮನಿಯ ರೋಗಿಗಳ ರೋಗಾಣುಗಳಲ್ಲಿ ಇರುವುದು 1983ರಲ್ಲಿ ಮೊದಲು ವರದಿಯಾಯಿತು. ಈ ವಿದ್ಯೆಯ ಗುಟ್ಟನ್ನು ಒಂದು ಜಾತಿಯ ರೋಗಾಣು ಇನ್ನೊಂದು ಜಾತಿಗೂ ದಾಟಿಸಬಲ್ಲುದು. ಮಲದಿಂದ ನೀರಿಗೆ, ನೀರಿನಿಂದ ಕೈಗೆ, ಕೈಯಿಂದ ಮಗುವಿನ ಬಾಯಿಗೆ ಅವು ಸಾಗುತ್ತವೆ. ಆದುದರಿಂದ ಗಂಡನು ಅನಗತ್ಯವಾಗಿ ಹಾಕಿಸಿಕೊಂಡ ಇಂಜೆಕ್ಷನ್ನಿನ ಫಲವನ್ನು ತೊಟ್ಟಿಲಿನ ಕೂಸು ಅನುಭವಿಸಬೇಕಾಗಬಹುದು.

ಭಾರತೀಯ ವೈದ್ಯಕೀಯ ಸಂಶೋಧನಾ ಪರಿಷತ್ತು 2013ರಲ್ಲಿ ಆರಂಭಿಸಿದ ಸಮೀಕ್ಷಾ ಜಾಲದ ಆಸ್ಪತ್ರೆಗಳಲ್ಲಿ, ಪರೀಕ್ಷಿಸಿದ ಇ. ಕೋಲೈ ಎಂಬ ರೋಗಾಣುಗಳ ಪೈಕಿ ಅರ್ಧಕ್ಕಿಂತ ಹೆಚ್ಚಿನವು ಈ ಪೀಳಿಗೆಯ ಔಷಧಗಳಿಗೆ ಬಗ್ಗುತ್ತಿಲ್ಲ. ಬ್ಯಾಕ್ಟೀರಿಯಗಳ ಔಷಧ ನಿರೋಧಕತೆಯಿಂದಲೇ 2019ರಲ್ಲಿ ಜಗತ್ತಿನಲ್ಲಿ ಸುಮಾರು 12.7 ಲಕ್ಷ ಜನರು ಮೃತರಾದರೆಂದು ಅಂದಾಜು ಮಾಡಲಾಗಿದೆ. ಮದ್ದಿನ ತಯಾರಿಕೆಗೆ ಕೊರತೆಯಿಲ್ಲ. ಬೆಂಗಳೂರಿನಲ್ಲಿಯೇ 1981ರಲ್ಲಿ ಸರ್ಕಾರಿ ವಲಯದ ಕರ್ನಾಟಕ ಆಂಟಿಬಯಾಟಿಕ್ಸ್ ಸಂಸ್ಥೆ ಸ್ಥಾಪಿತವಾಯಿತು. ಆದರೆ ಕಾರ್ಖಾನೆಯಲ್ಲಿ ಎಷ್ಟು ಸೀಸೆ ತುಂಬಿದರೂ ರೋಗಾಣು ಬಗ್ಗದಿದ್ದರೆ ಪ್ರಯೋಜನವೇನು?

5. ವಿಷಮಶೀತ ಜ್ವರ ಕಲಿಸಿದ ಪಾಠ

1948ರಿಂದ ವಿಷಮಶೀತ ಜ್ವರಕ್ಕೆ ಕ್ಲೋರಂಫೆನಿಕಾಲ್ ಎಂಬ ಅಗ್ಗವಾದ ಔಷಧ ರಾಮಬಾಣವಾಗಿತ್ತು. 1972ರಲ್ಲಿ ನೆರೆಯ ಕೇರಳದ ಕಲ್ಲಿಕೋಟೆಯಲ್ಲಿ ಅದಕ್ಕೆ ಬಗ್ಗದ ವಿಷಮಶೀತ ಜ್ವರ ಕಾಣಿಸಿಕೊಂಡಿತು. ಆಮೇಲೆ ಸಿಪ್ರೊಫ್ಲಾಕ್ಸಸಿನ್ ಬಂದಿತು. ಅದೂ ಕ್ರಮೇಣ ಸೋತಿತು. ಈಗ ನಾವು ಅವಲಂಬಿಸಿರುವುದು ಮುಖ್ಯವಾಗಿ ಸೆಫ್ಟ್ರಯಾಕ್ಸೋನ್ ಮತ್ತು ಅಜಿತ್ರೊಮೈಸಿನ್‌ಗಳನ್ನು. 2016ರಲ್ಲಿ ಪಾಕಿಸ್ತಾನದ ಸಿಂಧ್ ಪ್ರಾಂತದ ಹೈದರಾಬಾದಿನಲ್ಲಿ ಸೆಫ್ಟ್ರಯಾಕ್ಸೋನಿಗೂ ಬಗ್ಗದ ವಿಷಮಶೀತ ಜ್ವರ ಹಬ್ಬಿ, ಬಹಳ ಮಂದಿ ಮಕ್ಕಳು ಅದಕ್ಕೆ ತುತ್ತಾದರು. ನಮ್ಮ ದೇಶದಲ್ಲಿ ಬಹುಪಾಲು ವಿಷಮಶೀತ ರೋಗಾಣುಗಳು ಇನ್ನೂ ಈ ಮದ್ದಿಗೆ ಬಗ್ಗುತ್ತಿವೆ. ಈ ಸ್ಥಿತಿಯನ್ನು ಉಳಿಸಿಕೊಳ್ಳುವುದು ನಮ್ಮ ಕೈಯಲ್ಲಿದೆ.

ಇನ್ನೊಂದು ಮಾತು. ಸೆಫ್ಟ್ರಯಾಕ್ಸೋನ್ ಸರಿಯಾಗಿ ಕೆಲಸಮಾಡುತ್ತಿದ್ದರೂ ವಿಷಮಶೀತ ಜ್ವರ ಇಳಿಯಲು ನಾಲ್ಕೈದು ದಿನ, ಕೆಲವೊಮ್ಮೆ ಒಂದು ವಾರವೇ ಹಿಡಿಯುತ್ತದೆ. ಎರಡು ದಿನ ನೋಡಿ, ಗುಣವಾಗಲಿಲ್ಲವೆಂದು ವೈದ್ಯರನ್ನು ಬದಲಾಯಿಸುವುದು, ಜ್ವರ ಇಳಿದೊಡನೆ ಚಿಕಿತ್ಸೆಯನ್ನು ನಿಲ್ಲಿಸುವುದು, ಎರಡೂ ಹಾನಿಕರ. ಸಾಧ್ಯವಿದ್ದೆಡೆ ಮೊದಲ ಚುಚ್ಚುಮದ್ದಿಗೆ ಮುನ್ನವೇ ರಕ್ತವನ್ನು ಕೊಟ್ಟು, ರೋಗಾಣುವನ್ನು ಬೆಳೆಸಿ ನೋಡುವ ಪರೀಕ್ಷೆ ಮಾಡಿಸಬೇಕು. ಮದ್ದು ಒಳಗೆ ಹೋದ ಮೇಲೆ ಈ ಪರೀಕ್ಷೆಯಲ್ಲಿ ರೋಗಾಣು ಸಿಕ್ಕದೆ ಹೋಗಬಹುದು.

6. ಗಂಡಹೆಂಡಿರು ಕೂಡಿ ಪಡೆಯಬೇಕಾದ ಚಿಕಿತ್ಸೆ

ಗೊನೋರಿಯ ರೋಗ ತಗಲಿದ ಪುರುಷನಿಗೆ ಮೂತ್ರ ಮಾಡುವಾಗ ಉರಿಯೂ ಕೀವೂ ಕಾಣಿಸಿಕೊಳ್ಳುತ್ತವೆ. ಸ್ತ್ರೀಯರಲ್ಲಿ ಅನೇಕ ವೇಳೆ ಯಾವ ಚಿಹ್ನೆಯೂ ತೋರದೆ ರೋಗ ಒಳಗೇ ಹರಡಿ, ಗರ್ಭನಾಳಗಳು ಮುಚ್ಚಿಹೋಗಿ ಬಂಜೆತನ ಬರಬಹುದು. ರೋಗವಿರುವ ತಾಯಿಗೆ ಹುಟ್ಟಿದ ಮಗುವಿನ ಕಣ್ಣಿಗೂ ಅಪಾಯವುಂಟು. ಮಕ್ಕಳಾಗಲಿಲ್ಲವೆಂದು ಹೆಂಡತಿಯೊಬ್ಬಳನ್ನೇ ದೂಷಿಸುವ ಮನೆಗಳವರು ಇದನ್ನು ಅರಿಯಬೇಕು.

ಒಬ್ಬರು ಮಾತ್ರ ಗುಟ್ಟಾಗಿ ಇಂಜೆಕ್ಷನ್ ಹಾಕಿಸಿಕೊಂಡರೆ ಇನ್ನೊಬ್ಬರಿಂದ ರೋಗ ಮರಳಿ ಬರುತ್ತದೆ. ಮತ್ತೆ ಮತ್ತೆ ಮದ್ದು ಬೇಕಾಗುತ್ತದೆ. ಜಪಾನಿನ ಕ್ಯೋಟೋ ನಗರದಲ್ಲಿ 2009ರಲ್ಲಿಯೇ ಸೆಫ್ಟ್ರಯಾಕ್ಸೋನಿಗೆ ಬಗ್ಗದ ಗೊನೋರಿಯ ಕಂಡುಬಂದಿದೆ. ಆದುದರಿಂದ ದಂಪತಿಗಳಿಬ್ಬರೂ ಸಂಕೋಚಪಡದೆ ಸರ್ಕಾರಿ ಆಸ್ಪತ್ರೆಗೆ ಹೋಗಿ ಏಕಕಾಲದಲ್ಲಿ ಚಿಕಿತ್ಸೆ ಪಡೆದು, ವೈದ್ಯರು ಹೇಳುವವರೆಗೆ ಸಂಯಮದಿಂದಿರಬೇಕು. ನಿರೋಧ್ ಬಳಸಿದರೆ ಗರ್ಭಧಾರಣೆಯನ್ನಷ್ಟೇ ಅಲ್ಲದೆ ಈ ರೋಗವನ್ನೂ ಬಹುಮಟ್ಟಿಗೆ ತಡೆಯಬಹುದು.

7. ಕೊಟ್ಟಿಗೆಯಲ್ಲಿಯೂ ಎಚ್ಚರ

ಹಸುವಿನ ಕೆಚ್ಚಲು ಬಾವಿಗೂ ಇದೇ ಔಷಧವನ್ನು ಚುಚ್ಚುವುದುಂಟು. ಪಶುವೈದ್ಯರ ಸಲಹೆಯಿಲ್ಲದೆ ಅಂಗಡಿಯಿಂದ ತಂದು ಚುಚ್ಚಿಸಕೂಡದು. ಚಿಕಿತ್ಸೆ ಪಡೆದ ಹಸುವಿನ ಹಾಲನ್ನು ಪಶುವೈದ್ಯರು ಹೇಳಿದಷ್ಟು ದಿನ ಡೈರಿಗೂ ಹಾಕಬಾರದು, ಮನೆಯಲ್ಲಿಯೂ ಬಳಸಬಾರದು. ಕಾಯಿಸಿದ ಮಾತ್ರಕ್ಕೆ ಮದ್ದಿನ ಅಂಶ ಪೂರ್ಣವಾಗಿ ಹೋಗುವುದೆಂದು ನಂಬಕೂಡದು.

8. ದಂಪತಿಗಳು ಪಾಲಿಸಬೇಕಾದ ನಿಯಮಗಳು

(1) ಇಂಜೆಕ್ಷನ್ ಬೇಕೆಂದು ವೈದ್ಯರನ್ನು ಒತ್ತಾಯಿಸಬೇಡಿ. “ಇದು ಯಾವ ರೋಗ? ಆಂಟಿಬಯಾಟಿಕ್ ಅಗತ್ಯವೇ?” ಎಂದು ಕೇಳಿ.

(2) 2014ರ ಮಾರ್ಚ್ 1ರಿಂದ ಸೆಫ್ಟ್ರಯಾಕ್ಸೋನ್ ಎಚ್-1 ಎಂಬ ಔಷಧಪಟ್ಟಿಗೆ ಸೇರಿದೆ. ವೈದ್ಯರ ಚೀಟಿಯಿಲ್ಲದೆ ಅದನ್ನು ಮಾರುವಂತಿಲ್ಲ. ಮಾರಿದುದನ್ನು ಅಂಗಡಿಯವರು ಪ್ರತ್ಯೇಕ ಪುಸ್ತಕದಲ್ಲಿ ಬರೆದು ಮೂರು ವರ್ಷ ಕಾಪಾಡಬೇಕು. ಚೀಟಿಯಿಲ್ಲದೆ ಕೊಡುವವರಿಂದ ಕೊಳ್ಳಬೇಡಿ.

(3) ವೈದ್ಯರು ಹೇಳಿದಷ್ಟು ದಿನ, ಹೇಳಿದ ವೇಳೆಗೆ ಮದ್ದನ್ನು ಪಡೆಯಿರಿ. ಒಂದು ದಿನದ ಕೂಲಿಗಾಗಿ ತಪ್ಪಿಸಬೇಡಿ. ಚೀಟಿಗಳನ್ನು ಜೋಪಾನವಾಗಿಡಿ.

(4) ಹೆರಿಗೆಯಾದ ಆರು ವಾರಗಳೊಳಗೆ ಬಾಣಂತಿಗೆ ಜ್ವರ, ಕಿಬ್ಬೊಟ್ಟೆ ನೋವು, ದುರ್ವಾಸನೆಯ ಸ್ರಾವ ಕಂಡರೆ “ಬಾಣಂತಿಗೆ ಶೀತ” ಎಂದು ಸುಮ್ಮನಿರದೆ ಕೂಡಲೇ ಆಸ್ಪತ್ರೆಗೆ ಕರೆದೊಯ್ಯಿರಿ.

(5) ಹಸುಗೂಸು ಹಾಲು ಕುಡಿಯದಿದ್ದರೆ, ಮೈ ತಣ್ಣಗಾದರೆ ಅಥವಾ ಬಿಸಿಯಾದರೆ, ಮಂಕಾದರೆ, ನಿಮಿಷಕ್ಕೆ ಅರವತ್ತು ಸಲ ಅಥವಾ ಅದಕ್ಕಿಂತ ಹೆಚ್ಚಾಗಿ ಉಸಿರಾಡಿದರೆ 108ಕ್ಕೆ ಕರೆಮಾಡಿ. ಗಂಟೆಗಳ ವಿಳಂಬವೂ ಅಪಾಯಕರ.

(6) ರೋಗ ಬಾರದಂತೆ ನೋಡಿಕೊಳ್ಳುವುದೇ ಮದ್ದನ್ನು ಉಳಿಸುವ ಉತ್ತಮ ಮಾರ್ಗ. ನೀರನ್ನು ಕುದಿಸಿ ಆರಿಸಿ ಕುಡಿಯಿರಿ, ಶೌಚಾಲಯವನ್ನು ಬಳಸಿರಿ, ಅಡಿಗೆಗೆ ಮುನ್ನ, ಶೌಚದ ಅನಂತರ ಸಾಬೂನಿನಿಂದ ಕೈ ತೊಳೆಯಿರಿ. ಮಗುವಿಗೆ ಆರು ತಿಂಗಳು ತಾಯಿಯ ಹಾಲನ್ನು ಮಾತ್ರ ಕೊಡಿ. ಲಸಿಕೆಗಳನ್ನು ಕಾಲಕಾಲಕ್ಕೆ ಹಾಕಿಸಿ. ಆರು ತಿಂಗಳು ತುಂಬಿದ ಮಕ್ಕಳಿಗೆ ವಿಷಮಶೀತ ಜ್ವರದ ಲಸಿಕೆಯೂ ಇದೆ. ಅದರ ಬಗ್ಗೆ ವೈದ್ಯರಲ್ಲಿ ವಿಚಾರಿಸಿ.

ಬಿತ್ತನೆಯ ರಾಗಿಯನ್ನು ಎಂಥ ಕಷ್ಟದಲ್ಲಿಯೂ ಬೀಸಲು ಹಾಕದೆ ಕಾಪಾಡುವುದು ನಮ್ಮ ಹಿರಿಯರ ಪದ್ಧತಿ. ಸೆಫ್ಟ್ರಯಾಕ್ಸೋನ್ ಅಂಥ ಕಾದಿರಿಸಿದ ಬೀಜ. ಬೇಕಾದಾಗ ತಪ್ಪದೆ, ಬೇಡವಾದಾಗ ಮುಟ್ಟದೆ ಅದನ್ನು ಬಳಸಿದರೆ ನಮ್ಮ ಮಕ್ಕಳ ಕಾಲಕ್ಕೂ ಅದು ಪ್ರಾಣರಕ್ಷಕವಾಗಿ ಉಳಿಯುತ್ತದೆ. ಹೆಚ್ಚಿನ ವಿವರಗಳಿಗೆ ತಮ್ಮ ಊರಿನ ಆಶಾ ಕಾರ್ಯಕರ್ತೆಯನ್ನಾಗಲಿ, ಸಮೀಪದ ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯಾಧಿಕಾರಿಗಳನ್ನಾಗಲಿ ಕಾಣಿರಿ.