ಕೈಗೆ ಸಿಕ್ಕ ಶತ್ರು

ಈ ದಿನ ಎರಡನೇ ಅರಸುಗಳು ಪುಸ್ತಕದ ಆರನೇ ಅಧ್ಯಾಯವನ್ನು ಧ್ಯಾನಿಸೋಣ. ಎಲೀಷನನ್ನು ಹಿಡಿಯಲು ಬಂದ ಅರಾಮ್ಯರ ದಂಡು ಕೊನೆಗೆ ತಾನೇ ಸಮಾರ್ಯದೊಳಗೆ ಸಿಕ್ಕಿಬಿತ್ತು. ಕೊಂದುಬಿಡಲೋ ಎಂದು ಅರಸ ಕೇಳಿದ. ಬೇಡ, ಊಟ ಹಾಕಿಸಿ ಕಳಿಸು ಅಂದ ಎಲೀಷ.

ಇಂಥದ್ದೇ ಒಂದು ಸಂಗತಿ ನಮ್ಮ ನಾಡಲ್ಲೂ ನಡೆದಿದೆ. ಅಂಕೋಲೆಯಿಂದ ಘಟ್ಟ ಹತ್ತಿ, ಹುಬ್ಬಳ್ಳಿ, ಧಾರವಾಡ ದಾಟಿ ಬೆಳಗಾವಿಗೆ ಹೋಗುವಾಗ ಕಿತ್ತೂರು ಸಿಗುತ್ತದಲ್ಲ, ಅಲ್ಲಿ. 1824ರಲ್ಲಿ ಅಲ್ಲಿನ ದೊರೆ ತೀರಿಕೊಂಡ. ದತ್ತುಮಗನನ್ನು ಇಂಗ್ಲಿಷ್ ಕಂಪನಿ ಒಪ್ಪಲಿಲ್ಲ. ಕೋಟೆ, ಖಜಾನೆ ವಶಮಾಡಿಕೊಳ್ಳಲು ಧಾರವಾಡದ ಕಲೆಕ್ಟರ್ ಥ್ಯಾಕರೆ ದಂಡು ತಂದ. ಅಕ್ಟೋಬರ್ 23ರಂದು ರಾಣಿ ಚೆನ್ನಮ್ಮನ ಜನ ಎದುರು ಬಿದ್ದರು. ಥ್ಯಾಕರೆ ಸತ್ತ. ಸ್ಟೀವನ್ಸನ್, ವಾಲ್ಟರ್ ಎಲಿಯಟ್ ಎಂಬ ಇಬ್ಬರು ಅಧಿಕಾರಿಗಳು ಸೆರೆಸಿಕ್ಕರು.

ಕಂಪನಿ ಸುಮ್ಮನಿರುತ್ತದಾ? ಚಳಿಗಾಲ ಶುರುವಾಗುವಷ್ಟರಲ್ಲಿ ಇನ್ನೂ ದೊಡ್ಡ ದಂಡು, ತೋಪುಗಳ ಸಮೇತ ಬಂದು ಕೋಟೆಯನ್ನು ಸುತ್ತಿತು. ಒಳಗಿದ್ದವರು ಸ್ವಲ್ಪ ಜನ. ಸೇಡು ತೀರಿಸಿಕೊಳ್ಳಲು ಕೈಯಲ್ಲೇ ಇಬ್ಬರು ಬಿಳಿಯರಿದ್ದರು. ಆದರೂ ಅವರ ಜೀವ ತೆಗೆಯಲಿಲ್ಲ. ಯುದ್ಧ ನಿಲ್ಲುತ್ತದೆ ಎಂಬ ನಂಬಿಕೆಯಿಂದ ಡಿಸೆಂಬರ್ 2ರಂದು ಬಿಟ್ಟುಕೊಟ್ಟರು. ಯುದ್ಧ ನಿಲ್ಲಲಿಲ್ಲ. 5ರಂದು ಕೋಟೆ ಬಿತ್ತು. ರಾಣಿ ಬೈಲಹೊಂಗಲದ ಸೆರೆಯಲ್ಲಿ 1829ರಲ್ಲಿ ತೀರಿಕೊಂಡಳು.

ಹಾಗಾದ್ರೆ ಕರುಣೆ ಸೋತಿತಾ ಪಾಸ್ಟರ್ ಅಂತ ಕೇಳ್ತೀರಿ. ಕೋಟೆ ಹೋಯಿತು ನಿಜ, ಅದನ್ನು ನಾನು ಮುಚ್ಚಿಡಲ್ಲ. ಇವತ್ತು ಒಳ್ಳೇದು ಮಾಡಿದ್ರೆ ನಾಳೆನೇ ಒಳ್ಳೇದಾಗುತ್ತೆ ಅಂತ ನಾನು ಬೋಧಿಸಲ್ಲ. ಆದರೆ ಇದನ್ನೂ ಕೇಳಿ. ಬದುಕಿ ಹೊರಬಂದ ಎಲಿಯಟ್‌ಗೆ ಆಗ 21 ವರ್ಷ. ಮುಂದೆ ಅವನೇ ಕನ್ನಡ ನಾಡಿನ ನೂರಾರು ಶಾಸನಗಳ ಪ್ರತಿ ಮಾಡಿಸಿದ. ಅವುಗಳ ಆಧಾರದಿಂದ ಚಾಲುಕ್ಯರ ಚರಿತ್ರೆಯ ಮೇಲೆ 1837ರಲ್ಲಿ ಲೇಖನ ಪ್ರಕಟಿಸಿದ. ಅವನನ್ನು ಅಂದು ಕೊಂದಿದ್ದರೆ? ಸೆರೆಯಲ್ಲಿ ಕಣ್ಣುಮುಚ್ಚಿದ ರಾಣಿ ಈ ಫಲವನ್ನು ನೋಡಲೇ ಇಲ್ಲ.

ನಮ್ಮಲ್ಲಿ ಕೆಲವರು ಗದ್ದೆಯ ಗಡಿಗಾಗಿ ದೊಡ್ಡವರ ಎದುರು ಕೋರ್ಟಿಗೆ ಅಲೀತಿದ್ದೀರಿ. ನಿಮ್ಮ ಹಕ್ಕಿಗಾಗಿ ನಿಲ್ಲಿ, ಬಿಡಬೇಡಿ. ಆದರೆ ಎದುರಾಳಿಯ ಮನೆಯಲ್ಲಿ ಕಾಯಿಲೆ ಬಂದಾಗ, ಅವನ ಮಗಳ ಮದುವೆ ಮಾತು ನಡೆಯುವಾಗ, ಕೆಡಿಸುವ ಒಂದು ಮಾತು ನಿಮ್ಮ ನಾಲಿಗೆ ತುದಿಯಲ್ಲಿರುತ್ತದೆ. ಆಗ ಅವನು ನಿಮ್ಮ ಕೈಗೆ ಸಿಕ್ಕ ಸೆರೆಯಾಳು. ಆ ಮಾತು ಆಡಬೇಡಿ. ಈ ವಾರ ಅವರ ಹೆಸರು ಹಿಡಿದು ಪ್ರಾರ್ಥಿಸಿ. ಆಮೇನ್.