ನಗುವಿಗೆ ಜಾಗ ಬಿಡೋದು ಹೇಗೆ?

ಕಳೆದ ಸೆಮಿಸ್ಟರ್‌ನ ನಮ್ಮ ಸ್ಕಿಟ್ ನಿಮಗೆ ನೆನಪಿರಬಹುದು. ಮೊದಲ ಜೋಕಿಗೆ ಇಡೀ ಆಡಿಟೋರಿಯಂ ನಕ್ಕಿತು. ಆ ಗದ್ದಲದಲ್ಲಿ ಮುಂದಿನ ಮೂರು ಡೈಲಾಗ್ ಯಾರಿಗೂ ಕೇಳಿಸಲೇ ಇಲ್ಲ. ಕಥೆ ಅರ್ಥವಾಗದೆ ಜನ ಫೋನ್ ತೆಗೆದರು. ನಮ್ಮಲ್ಲಿ ಬರೆದವರು ನಟಿಸಿದವರನ್ನು ಬೈದರು, ನಟಿಸಿದವರು ಸ್ಕ್ರಿಪ್ಟನ್ನು ಬೈದರು. ಒಂದು ವಾರ ಮಾತೇ ಇಲ್ಲ.

ತಪ್ಪು ಎಲ್ಲಿತ್ತು ಅಂತ ಗೊತ್ತಾಗಿದ್ದು ಹಳೆಯ ಹಾಲಿವುಡ್ ಜೋಡಿಯೊಂದರಿಂದ: ನಿರ್ದೇಶಕ ಬಿಲ್ಲಿ ವೈಲ್ಡರ್ ಮತ್ತು ನಟ ಜ್ಯಾಕ್ ಲೆಮನ್. 1959ರಿಂದ 1981ರವರೆಗೆ ಇಬ್ಬರೂ ಸೇರಿ 7 ಸಿನಿಮಾ ಮಾಡಿದರು.

ಮೊದಲನೆಯದು ‘ಸಮ್ ಲೈಕ್ ಇಟ್ ಹಾಟ್’ (1959). ಕೊಲೆಯನ್ನು ಕಣ್ಣಾರೆ ನೋಡಿಬಿಟ್ಟ ಇಬ್ಬರು ವಾದ್ಯಗಾರರು ಗೂಂಡಾಗಳಿಂದ ತಪ್ಪಿಸಿಕೊಳ್ಳೋಕೆ ಹೆಣ್ಣುವೇಷ ಹಾಕಿ ಹೆಂಗಸರ ಬ್ಯಾಂಡ್ ಸೇರ್ತಾರೆ. ಅವರಲ್ಲಿ ಒಬ್ಬ ಜೆರ್ರಿ, ಅಂದರೆ ಲೆಮನ್. ಅವನ ವೇಷಕ್ಕೆ ಶ್ರೀಮಂತ ಮುದುಕನೊಬ್ಬ ಮರುಳಾಗ್ತಾನೆ. ರಾತ್ರಿಯೆಲ್ಲ ಅವನ ಜೊತೆ ಕುಣಿದು ಬಂದ ಜೆರ್ರಿ, ತನಗೆ ಮದುವೆ ನಿಶ್ಚಯವಾಯ್ತು ಅಂತ ಗೆಳೆಯನಿಗೆ ಖುಷಿಯಿಂದ ಹೇಳ್ತಾನೆ.

ಈ ದೃಶ್ಯದ ಒಂದೊಂದು ಸಾಲಿಗೂ ನಗು ಬರುತ್ತೆ ಅಂತ ವೈಲ್ಡರ್ ಅವರಿಗೆ ಅಂದಾಜಿತ್ತು. ಸ್ಟೇಜ್ ಮೇಲಾದರೆ ನಗು ನಿಲ್ಲೋವರೆಗೆ ನಟ ಕಾಯಬಹುದು (ನಾವು ಅದನ್ನೂ ಮಾಡಲಿಲ್ಲ!). ಸಿನಿಮಾದಲ್ಲಿ ಅದು ಆಗಲ್ಲ, ಸುಮ್ಮನೆ ಗ್ಯಾಪ್ ಬಿಟ್ಟರೆ ದೃಶ್ಯ ಸಪ್ಪೆಯಾಗುತ್ತೆ. ಅದಕ್ಕೇ ಅವರು ಲೆಮನ್ ಕೈಗೆ ಒಂದು ಜೊತೆ ಮರಾಕಾಸ್ ಕೊಟ್ಟರು. ಅಲ್ಲಾಡಿಸಿದರೆ ಸದ್ದು ಮಾಡೋ ನಮ್ಮ ಗಿಲಕಿ ಥರದ ವಾದ್ಯ ಅದು. ಒಂದು ಸಾಲು, ಆಮೇಲೆ ಗಲಗಲ, ಮತ್ತೆ ಒಂದು ಸಾಲು. ಜನ ನಕ್ಕು ಮುಗಿಸುವ ಹೊತ್ತಿಗೆ ಮುಂದಿನ ಮಾತು ರೆಡಿ. ನಮ್ಮ ಬ್ರಾಂಚ್ ಭಾಷೆಯಲ್ಲಿ ಇದಕ್ಕೆ ಬಫರ್ ಅನ್ನಬಹುದು.

ಹಾಗಂತ ಎಲ್ಲ ಐಡಿಯಾನೂ ನಿರ್ದೇಶಕರದ್ದೇ ಅಲ್ಲ. ವೈಲ್ಡರ್ ಸ್ಕ್ರಿಪ್ಟಿನ ಒಂದು ಪದ ಬದಲಾಯಿಸೋಕೂ ಸುಲಭಕ್ಕೆ ಒಪ್ಪುತ್ತಿರಲಿಲ್ಲ. ಆದರೂ ‘ದಿ ಅಪಾರ್ಟ್‌ಮೆಂಟ್’ (1960) ಸಿನಿಮಾದಲ್ಲಿ ಲೆಮನ್ ಅವರಿಗೆ ಸ್ವಲ್ಪ ಸ್ವಾತಂತ್ರ್ಯ ಕೊಟ್ಟರು. ಶೀತ ಹಿಡಿದ ಗುಮಾಸ್ತ ಬಾಸ್ ಎದುರು ಗಾಬರಿಯಾಗಿ ಮೂಗಿಗೆ ಹಾಕೋ ಔಷಧಿಯ ಬಾಟಲಿಯನ್ನ ಒತ್ತಿಬಿಡ್ತಾನೆ, ಔಷಧಿ ರೂಮಿನ ಆಚೆ ತುದಿಗೆ ಚಿಮ್ಮುತ್ತೆ. ಇದು ಲೆಮನ್ ತಾವೇ ಸೇರಿಸಿದ್ದು. ಗುಮಾಸ್ತನ ಭಯ ತಿಳಿಯೋಕೆ ಡೈಲಾಗೇ ಬೇಕಿಲ್ಲ.

ನಮ್ಮ ಜಗಳಕ್ಕೆ ಉತ್ತರ ಇಲ್ಲೇ ಇತ್ತು. ಜಾಗ ಬಿಡೋದು ಬರೆಯೋರ ಕೆಲಸ, ಆ ಜಾಗಕ್ಕೆ ಜೀವ ತುಂಬೋದು ನಟರ ಕೆಲಸ. ಈ ಸಲದ ಸ್ಕ್ರಿಪ್ಟಿನಲ್ಲಿ ಪ್ರತಿ ಜೋಕಿನ ಕೆಳಗೆ ಒಂದು ಸಾಲು ಖಾಲಿ ಬಿಟ್ಟಿದ್ದೀವಿ. ಅಲ್ಲಿ ಕೈ ಏನು ಮಾಡಬೇಕು ಅಂತ ನಟರು ಹುಡುಕ್ತಿದ್ದಾರೆ. ನಿಮ್ಮ ಟೀಮಿನಲ್ಲೂ ಒಮ್ಮೆ ಟ್ರೈ ಮಾಡಿ ನೋಡಿ.